ಬಡವರ ಕಣ್ಣಿಗೆ ಬೆಳಕು: ಕಡಿಮೆ ಖರ್ಚಿನ ಪೊರೆ ಶಸ್ತ್ರಚಿಕಿತ್ಸೆ ಸಾಧ್ಯವಾದದ್ದು ಹೇಗೆ?



ಕುರುಡುತನ ಎಂದ ಕೂಡಲೇ ಅದು ಹುಟ್ಟಿನಿಂದ ಬಂದದ್ದು, ವಾಸಿಯಾಗದ್ದು ಎಂದು ನಮ್ಮಲ್ಲಿ ಹಲವರು ಭಾವಿಸುತ್ತಾರೆ. ವಾಸ್ತವ ಬೇರೆಯೇ ಇದೆ. 2015ರಿಂದ 2019ರ ನಡುವೆ ನಮ್ಮ ದೇಶದಲ್ಲಿ ನಡೆದ ರಾಷ್ಟ್ರೀಯ ಸಮೀಕ್ಷೆಯ ಪ್ರಕಾರ, 50 ವರ್ಷ ದಾಟಿದವರ ಕುರುಡುತನದಲ್ಲಿ ಶೇ. 66.2ರಷ್ಟಕ್ಕೆ ಕಾರಣ ಕಣ್ಣಿನ ಪೊರೆ. ಅಂದರೆ ದೃಷ್ಟಿ ಕಳೆದುಕೊಂಡ ಮೂವರು ಹಿರಿಯರಲ್ಲಿ ಇಬ್ಬರು ಪೊರೆಯಿಂದ ಕಳೆದುಕೊಂಡವರು. ಜಗತ್ತಿನಲ್ಲಿ ಪೊರೆಯ ಕಾರಣ ದೃಷ್ಟಿ ಕುಂದಿದವರು ಅಥವಾ ಕುರುಡರಾದವರು ಸುಮಾರು 9 ಕೋಟಿ 40 ಲಕ್ಷ ಎಂದು ವಿಶ್ವ ಆರೋಗ್ಯ ಸಂಸ್ಥೆ ಅಂದಾಜು ಮಾಡಿದೆ.

ಇವರಲ್ಲಿ ಬಹುತೇಕರ ದೃಷ್ಟಿಯನ್ನು ಹತ್ತು-ಹದಿನೈದು ನಿಮಿಷಗಳ ಒಂದು ಶಸ್ತ್ರಚಿಕಿತ್ಸೆಯಿಂದ ಮರಳಿಸಬಹುದು. ಚಿಕಿತ್ಸೆ ಗೊತ್ತಿದೆ, ಮಾಡುವ ವೈದ್ಯರೂ ಇದ್ದಾರೆ. ಹಾಗಿದ್ದರೂ ಇಷ್ಟು ಜನ ಕತ್ತಲಲ್ಲಿ ಕೂತಿರುವುದೇಕೆ? ರೋಗಿಗೂ ಚಿಕಿತ್ಸೆಗೂ ನಡುವೆ ನಾಲ್ಕು ಅಡ್ಡಿಗಳಿವೆ: ವೈದ್ಯರ ಸಮಯ, ಆಸ್ಪತ್ರೆಯ ಖರ್ಚು, ಲೆನ್ಸಿನ ಬೆಲೆ ಮತ್ತು ಮನೆಯಿಂದ ಆಸ್ಪತ್ರೆಯವರೆಗಿನ ದಾರಿ. ಈ ನಾಲ್ಕನ್ನೂ ಒಂದೊಂದಾಗಿ ದಾಟಿದವರ ಕೆಲಸವನ್ನು ಈ ಪಾಠದಲ್ಲಿ ನೋಡೋಣ.

ಪೊರೆ ಎಂದರೇನು?

ನಮ್ಮ ಕಣ್ಣಿನ ಪಾಪೆಯ ಹಿಂದೆ ಒಂದು ಪಾರದರ್ಶಕ ಮಸೂರವಿದೆ. ಅದರ ಅಗಲ ಸುಮಾರು 9-10 ಮಿಲಿಮೀಟರ್, ದಪ್ಪ ಸುಮಾರು 4 ಮಿಲಿಮೀಟರ್. ಬೆಳಕನ್ನು ಬಾಗಿಸಿ ಅಕ್ಷಿಪಟಲದ ಮೇಲೆ ಬೀಳಿಸುವ ಕೆಲಸದಲ್ಲಿ ಹೆಚ್ಚಿನ ಪಾಲು ಕಾರ್ನಿಯಾದ್ದು, ಉಳಿದದ್ದು ಈ ಮಸೂರದ್ದು. ಭೌತಶಾಸ್ತ್ರದಲ್ಲಿ ನೀವು ಓದಿದ ಡಯಾಪ್ಟರ್ ಲೆಕ್ಕದಲ್ಲಿ ಹೇಳುವುದಾದರೆ ಕಣ್ಣಿನ ಒಟ್ಟು ಸಾಮರ್ಥ್ಯ ಸುಮಾರು 60, ಅದರಲ್ಲಿ ಮಸೂರದ ಪಾಲು ಸುಮಾರು 20.

ಮಸೂರದಲ್ಲಿರುವುದು ಬಹುಪಾಲು ನೀರು ಮತ್ತು ಪ್ರೋಟೀನು. ಪ್ರೋಟೀನಿನ ಎಳೆಗಳು ಕ್ರಮವಾಗಿ ಜೋಡಣೆಗೊಂಡಿರುವ ತನಕ ಬೆಳಕು ಸರಾಗವಾಗಿ ಹಾದುಹೋಗುತ್ತದೆ. ವಯಸ್ಸಾದಂತೆ ಅವು ಒಂದಕ್ಕೊಂದು ಅಂಟಿಕೊಂಡು ಗಂಟುಕಟ್ಟುತ್ತವೆ. ಬೆಳಕು ಚದುರುತ್ತದೆ, ಮಸೂರ ಮಂಜಾಗುತ್ತದೆ. ಇದನ್ನೇ ನಾವು ಪೊರೆ ಅಥವಾ ಮೋತಿಬಿಂದು ಎನ್ನುತ್ತೇವೆ. ಮೊಟ್ಟೆಯ ಬಿಳಿ ಲೋಳೆ ಬೆಂದಾಗ ಬೆಳ್ಳಗಾಗುವುದನ್ನು ನೆನೆದರೆ ವಿಷಯ ಅರ್ಥವಾಗುತ್ತದೆ. ಬೆಂದ ಮೊಟ್ಟೆ ಮತ್ತೆ ತಿಳಿಯಾಗುವುದಿಲ್ಲ. ಹಾಗೆಯೇ ಮಂಜಾದ ಮಸೂರವನ್ನು ತಿಳಿಯಾಗಿಸುವ ಔಷಧಿಯಾಗಲಿ, ಕಣ್ಣಿನ ಹನಿಯಾಗಲಿ ಇಂದಿಗೂ ಇಲ್ಲ. ಶಸ್ತ್ರಚಿಕಿತ್ಸೆಯೊಂದೇ ದಾರಿ.

ವಯಸ್ಸಿನ ಜೊತೆಗೆ ಸಕ್ಕರೆ ಕಾಯಿಲೆ, ಧೂಮಪಾನ, ಕಣ್ಣಿಗೆ ಬಿದ್ದ ಪೆಟ್ಟು, ವೈದ್ಯರನ್ನು ಕೇಳದೆ ದೀರ್ಘಕಾಲ ಬಳಸಿದ ಸ್ಟೀರಾಯ್ಡ್ ಔಷಧಿಗಳು ಪೊರೆಯನ್ನು ಬೇಗ ತರುತ್ತವೆ.

ಸೂಜಿಯಿಂದ ಲೆನ್ಸಿನವರೆಗೆ

ಪೊರೆಗೆ ಚಿಕಿತ್ಸೆ ಬಹಳ ಹಳೆಯದು. ಮಂಜಾದ ಮಸೂರವನ್ನು ಸೂಜಿಯಿಂದ ದೃಷ್ಟಿಯ ದಾರಿಯಿಂದ ಪಕ್ಕಕ್ಕೆ ತಳ್ಳುವ ವಿಧಾನವನ್ನು ನಮ್ಮ ಸುಶ್ರುತ ಸಂಹಿತೆ ವಿವರಿಸುತ್ತದೆ. ಸುಮಾರು ಸಾವಿರ ವರ್ಷಗಳ ಹಿಂದೆ, ಇರಾಕಿನ ಮೋಸುಲ್ ಮೂಲದ ಅಮ್ಮಾರ್ ಇಬ್ನ್ ಅಲಿ ಅಲ್-ಮೌಸಿಲಿ ಎಂಬ ಕಣ್ಣಿನ ವೈದ್ಯರು ಈಜಿಪ್ಟಿನಲ್ಲಿ ಇನ್ನೊಂದು ಹೆಜ್ಜೆ ಮುಂದಿಟ್ಟರು. ಲೋಹದ ಟೊಳ್ಳು ಸೂಜಿಯನ್ನು ಕಣ್ಣಿಗೆ ಚುಚ್ಚಿ ಮೃದುವಾದ ಪೊರೆಯನ್ನು ಹೊರಗೆ ಹೀರಿ ತೆಗೆಯುವ ವಿಧಾನವನ್ನು ಅವರು ತಮ್ಮ ಗ್ರಂಥದಲ್ಲಿ ದಾಖಲಿಸಿದರು. ಅದೇ ಕಾಲದಲ್ಲಿ, ಅದೇ ಈಜಿಪ್ಟಿನಲ್ಲಿ ಇದ್ದ ಇನ್ನೊಬ್ಬ ವಿದ್ವಾಂಸರು ಬಸ್ರಾದ ಇಬ್ನ್ ಅಲ್-ಹೈಸಮ್. ಕಣ್ಣಿನಿಂದ ಕಿರಣ ಹೊರಟು ವಸ್ತುವನ್ನು ಮುಟ್ಟುವುದರಿಂದ ನಮಗೆ ಕಾಣುತ್ತದೆ ಎಂಬ ಹಳೆಯ ವಾದವನ್ನು ತಳ್ಳಿಹಾಕಿ, ವಸ್ತುವಿನಿಂದ ಬಂದ ಬೆಳಕು ಕಣ್ಣನ್ನು ಹೊಕ್ಕಾಗ ಕಾಣುತ್ತದೆ ಎಂದು ತಮ್ಮ 'ಕಿತಾಬುಲ್ ಮನಾಝಿರ್' ಗ್ರಂಥದಲ್ಲಿ ವಾದಿಸಿದವರು ಇವರೇ.

18ನೇ ಶತಮಾನದಲ್ಲಿ ಫ್ರಾನ್ಸಿನ ಜಾಕ್ ಡೇವಿಯಲ್ ಕಾರ್ನಿಯಾವನ್ನು ಸೀಳಿ ಪೊರೆಯನ್ನು ಪೂರ್ತಿ ಹೊರತೆಗೆಯುವ ವಿಧಾನವನ್ನು ರೂಢಿಗೆ ತಂದರು. ಆದರೆ ಮಸೂರ ತೆಗೆದ ಮೇಲೆ ಕಣ್ಣಿನ 20 ಡಯಾಪ್ಟರ್ ಸಾಮರ್ಥ್ಯ ಹೋಯಿತಲ್ಲ! ಅದನ್ನು ತುಂಬಲು ರೋಗಿಗಳು ಸೋಡಾ ಗ್ಲಾಸಿನಂತಹ ದಪ್ಪ ಕನ್ನಡಕ ಹಾಕಿಕೊಳ್ಳಬೇಕಿತ್ತು. ಅದರಲ್ಲಿ ಎಲ್ಲವೂ ದೊಡ್ಡದಾಗಿ ಕಾಣುತ್ತದೆ, ಅಂಚಿನಲ್ಲಿರುವುದು ಕಾಣುವುದೇ ಇಲ್ಲ. ಕನ್ನಡಕ ಒಡೆದರೆ ಬಡವನು ಮತ್ತೆ ಕುರುಡನೇ.

ಈ ಸಮಸ್ಯೆಗೆ ಉತ್ತರ ಯುದ್ಧದ ಒಂದು ಗಮನಿಕೆಯಿಂದ ಬಂತು. ಎರಡನೇ ಮಹಾಯುದ್ಧದಲ್ಲಿ ವಿಮಾನದ ಮೇಲ್ಚಾವಣಿ ಒಡೆದು ಅದರ ಪ್ಲಾಸ್ಟಿಕ್ ಚೂರುಗಳು ಕೆಲವು ಪೈಲಟ್‌ಗಳ ಕಣ್ಣಿಗೆ ಹೊಕ್ಕಿದ್ದವು. ಆ ಚೂರುಗಳನ್ನು ಕಣ್ಣು ತಿರಸ್ಕರಿಸದೆ ಸಹಿಸಿಕೊಂಡಿರುವುದನ್ನು ಬ್ರಿಟನ್ನಿನ ಹೆರಾಲ್ಡ್ ರಿಡ್ಲಿ ಗಮನಿಸಿದರು. ಅದೇ ಬಗೆಯ ಪ್ಲಾಸ್ಟಿಕ್‌ನಿಂದ ಲೆನ್ಸ್ ಮಾಡಿಸಿ 1949ರ ನವೆಂಬರ್‌ನಲ್ಲಿ ಲಂಡನ್ನಿನ ಸೇಂಟ್ ಥಾಮಸ್ ಆಸ್ಪತ್ರೆಯಲ್ಲಿ ರೋಗಿಯೊಬ್ಬರ ಕಣ್ಣಿನೊಳಗೆ ಇಟ್ಟರು. ಇಂದು ನಾವು 'ಲೆನ್ಸ್ ಹಾಕಿಸಿದರು' ಎನ್ನುವುದು ಇದರ ಮುಂದುವರಿಕೆ.

ಹಳ್ಳಿಗೇ ಹೋದ ವೈದ್ಯರು

ಭಾರತದಲ್ಲಿ ಬಡವರ ಬಳಿಗೆ ಕಣ್ಣಿನ ಶಸ್ತ್ರಚಿಕಿತ್ಸೆಯನ್ನು ಒಯ್ದವರಲ್ಲಿ ನಮ್ಮ ಕರ್ನಾಟಕದ ಡಾ. ಎಂ.ಸಿ. ಮೋದಿ ಅವರ ಹೆಸರು ಮೊದಲ ಸಾಲಿನದು. ಈಗಿನ ಬಾಗಲಕೋಟೆ ಜಿಲ್ಲೆಯ ಬೀಳಗಿಯವರಾದ ಅವರು ಊರೂರಿನಲ್ಲಿ ಶಿಬಿರ ಹೂಡಿ ಲಕ್ಷಾಂತರ ಜನರಿಗೆ ಉಚಿತವಾಗಿ ಶಸ್ತ್ರಚಿಕಿತ್ಸೆ ಮಾಡಿದರು. ಒಂದೇ ದಿನ 833 ಪೊರೆ ಶಸ್ತ್ರಚಿಕಿತ್ಸೆ ಮಾಡಿದ ಅವರ ದಾಖಲೆ ಗಿನ್ನೆಸ್ ಪುಸ್ತಕ ಸೇರಿತು. 1956ರಲ್ಲಿ ಪದ್ಮಶ್ರೀ, 1968ರಲ್ಲಿ ಪದ್ಮಭೂಷಣ ಅವರಿಗೆ ಸಂದವು. ಬಡವರು ವೈದ್ಯರ ಬಳಿಗೆ ಬರಲಾರದಿದ್ದರೆ ವೈದ್ಯರೇ ಅವರ ಬಳಿಗೆ ಹೋಗಬೇಕು ಎಂಬುದನ್ನು ಅವರು ಮಾಡಿ ತೋರಿಸಿದರು.

ಆದರೆ ಒಬ್ಬ ವೈದ್ಯರ ಅಪಾರ ಶ್ರಮ ಅವರೊಂದಿಗೇ ಮುಗಿಯುತ್ತದೆ. ಆ ಶ್ರಮವನ್ನು ಒಂದು ವ್ಯವಸ್ಥೆಯನ್ನಾಗಿ ಮಾಡುವುದು ಹೇಗೆ ಎಂಬುದಕ್ಕೆ ಉತ್ತರ ತಮಿಳುನಾಡಿನ ಮಧುರೈಯಲ್ಲಿ ಸಿಕ್ಕಿತು.

ಮಧುರೈಯ 11 ಹಾಸಿಗೆಗಳು

ಡಾ. ಗೋವಿಂದಪ್ಪ ವೆಂಕಟಸ್ವಾಮಿ 1918ರಲ್ಲಿ ತಮಿಳುನಾಡಿನ ಒಂದು ಹಳ್ಳಿಯಲ್ಲಿ ಹುಟ್ಟಿದರು. ಹೆರಿಗೆ ವೈದ್ಯರಾಗಬೇಕೆಂಬುದು ಅವರ ಬಯಕೆ. ಮೂವತ್ತರ ಆಸುಪಾಸಿನಲ್ಲೇ ತೀವ್ರ ಸಂಧಿವಾತ ಬಂದು ಬೆರಳುಗಳು ಸೊಟ್ಟಗಾದವು. ಹೆರಿಗೆ ಮಾಡಿಸುವ ಕೆಲಸ ಕೈಬಿಟ್ಟು ಕಣ್ಣಿನ ವೈದ್ಯಕೀಯ ಓದಿದರು. ಆ ಸೊಟ್ಟ ಬೆರಳುಗಳಲ್ಲೇ ಉಪಕರಣ ಹಿಡಿಯಲು ಅಭ್ಯಾಸ ಮಾಡಿ, ಜೀವಮಾನದಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಕಣ್ಣಿನ ಶಸ್ತ್ರಚಿಕಿತ್ಸೆ ಮಾಡಿದರು.

1976ರಲ್ಲಿ ಸರ್ಕಾರಿ ಸೇವೆಯಿಂದ ನಿವೃತ್ತರಾದ ಮೇಲೆ, ಮನೆಯನ್ನು ಅಡವಿಟ್ಟು, ತಂಗಿ ಮತ್ತು ಬಂಧುಗಳನ್ನು ಜೊತೆ ಸೇರಿಸಿಕೊಂಡು 11 ಹಾಸಿಗೆಗಳ ಅರವಿಂದ ಕಣ್ಣಿನ ಆಸ್ಪತ್ರೆಯನ್ನು ಆರಂಭಿಸಿದರು. ಕೇಂದ್ರ ಸರ್ಕಾರ ರಾಷ್ಟ್ರೀಯ ಅಂಧತ್ವ ನಿಯಂತ್ರಣ ಕಾರ್ಯಕ್ರಮವನ್ನು ಆರಂಭಿಸಿದ್ದೂ ಅದೇ ವರ್ಷ. 11 ಹಾಸಿಗೆಯ ಆ ಆಸ್ಪತ್ರೆ ಇಂದು ಜಗತ್ತಿನ ಅತಿ ದೊಡ್ಡ ಕಣ್ಣಿನ ಚಿಕಿತ್ಸಾ ಸಂಸ್ಥೆಗಳಲ್ಲಿ ಒಂದು. ಮೇಲೆ ಹೇಳಿದ ಅಡ್ಡಿಗಳನ್ನು ಅದು ಹೀಗೆ ದಾಟಿತು.

ಮೊದಲನೆಯದು, ವೈದ್ಯರ ಸಮಯ. ಶಸ್ತ್ರಚಿಕಿತ್ಸೆ ಹತ್ತು ನಿಮಿಷದ್ದಾದರೂ ರೋಗಿಯನ್ನು ಸಿದ್ಧಪಡಿಸುವುದು, ಕಣ್ಣು ಪರೀಕ್ಷೆ, ಲೆನ್ಸಿನ ಅಳತೆ, ಚುಚ್ಚುಮದ್ದು, ಪಟ್ಟಿ ಕಟ್ಟುವುದು ಇವಕ್ಕೆಲ್ಲ ಬಹಳ ಹೊತ್ತು ಬೇಕು. ಇವನ್ನೆಲ್ಲ ಸರ್ಜನ್ನರೇ ಮಾಡಬೇಕಿಲ್ಲ. ಅರವಿಂದದಲ್ಲಿ ಒಬ್ಬ ಸರ್ಜನ್ನಿಗೆ ಎರಡು ಮೇಜು. ಒಂದರಲ್ಲಿ ಶಸ್ತ್ರಚಿಕಿತ್ಸೆ ನಡೆಯುವಾಗ ಪಕ್ಕದ ಮೇಜಿನಲ್ಲಿ ಮುಂದಿನ ರೋಗಿ ಸಿದ್ಧ. ಒಂದು ಮುಗಿದ ಕೂಡಲೇ ಸೂಕ್ಷ್ಮದರ್ಶಕವನ್ನು ಆ ಕಡೆಗೆ ತಿರುಗಿಸಿದರಾಯಿತು. ಉಳಿದ ಕೆಲಸ ಮಾಡುವವರು ಯಾರು ಗೊತ್ತೇ? ಪಿಯುಸಿಗೆ ಸಮನಾದ ಓದು ಮುಗಿಸಿದ, ನಿಮ್ಮದೇ ವಯಸ್ಸಿನ ಹಳ್ಳಿಯ ಹುಡುಗಿಯರು. ಅವರಿಗೆ ಆಸ್ಪತ್ರೆಯೇ ಎರಡು ವರ್ಷ ತರಬೇತಿ ನೀಡಿ ಕೆಲಸಕ್ಕೆ ಸೇರಿಸಿಕೊಳ್ಳುತ್ತದೆ. ಸಂಸ್ಥೆಯ ಸಿಬ್ಬಂದಿಯಲ್ಲಿ ಇವರ ಸಂಖ್ಯೆಯೇ ದೊಡ್ಡದು.

ಎರಡನೆಯದು, ಖರ್ಚು. ಇಲ್ಲಿ ವಾಣಿಜ್ಯ ವಿದ್ಯಾರ್ಥಿಗಳು ಸ್ವಲ್ಪ ಗಮನ ಕೊಡಬೇಕು. ಶಸ್ತ್ರಚಿಕಿತ್ಸಾ ಕೊಠಡಿ, ಸೂಕ್ಷ್ಮದರ್ಶಕ, ಕಟ್ಟಡ ಇವು ಸ್ಥಿರ ವೆಚ್ಚಗಳು. ದಿನಕ್ಕೆ 5 ಶಸ್ತ್ರಚಿಕಿತ್ಸೆ ಮಾಡಿದರೂ 50 ಮಾಡಿದರೂ ಅವು ಹೆಚ್ಚುಕಡಿಮೆ ಅಷ್ಟೇ. ಸಂಖ್ಯೆ ಹೆಚ್ಚಿದಷ್ಟೂ ಒಬ್ಬೊಬ್ಬರ ಪಾಲಿನ ವೆಚ್ಚ ಇಳಿಯುತ್ತದೆ. ಆ ಮೇಲೆ ಹಣ ಕೊಡಬಲ್ಲವರಿಂದ ಶುಲ್ಕ ಪಡೆದು, ಅದರ ಉಳಿಕೆಯಿಂದ ಕೊಡಲಾರದವರ ಚಿಕಿತ್ಸೆ ನಡೆಸುತ್ತಾರೆ. ಯಾವ ವಿಭಾಗಕ್ಕೆ ಹೋಗಬೇಕೆಂದು ರೋಗಿಯೇ ನಿರ್ಧರಿಸುತ್ತಾನೆ. ಬಡತನದ ಪುರಾವೆ ತನ್ನಿ ಎಂದು ಯಾರೂ ಕೇಳುವುದಿಲ್ಲ. ಹಣ ಕೊಟ್ಟವರಿಗೆ ಕೋಣೆ, ಹಾಸಿಗೆಯ ಸೌಕರ್ಯ ಹೆಚ್ಚಿರಬಹುದು. ಆದರೆ ವೈದ್ಯರು ಎರಡೂ ಕಡೆಗೆ ಅವರೇ.

ಈ ಏರ್ಪಾಡು ನಮ್ಮ ಪರಂಪರೆಗೆ ಅಪರಿಚಿತವಲ್ಲ. 1284ರಲ್ಲಿ ಕೈರೋದಲ್ಲಿ ಸುಲ್ತಾನ್ ಕಲಾವೂನ್ ಕಟ್ಟಿಸಿದ ಆಸ್ಪತ್ರೆಯಲ್ಲಿ ಕಣ್ಣಿನ ರೋಗಿಗಳಿಗೆ ಪ್ರತ್ಯೇಕ ವಿಭಾಗವಿತ್ತು. ವಕ್ಫ್ ಆಸ್ತಿಯ ಆದಾಯದಿಂದ ಬಡವ-ಬಲ್ಲಿದ ಎನ್ನದೆ ಎಲ್ಲರಿಗೂ ಅಲ್ಲಿ ಉಚಿತ ಚಿಕಿತ್ಸೆ ದೊರೆಯುತ್ತಿತ್ತು. ನಿರಂತರವಾಗಿ ಆದಾಯ ಬರುವ ದಾರಿ ಇದ್ದರೆ ಮಾತ್ರ ಸೇವೆಯೂ ನಿರಂತರವಾಗಿರುತ್ತದೆ. ಸದಕಾ ಜಾರಿಯಾ ಎಂಬ ಮಾತಿನ ಹಿಂದೆ ಇರುವ ಲೆಕ್ಕವೂ ಇದೇ ಅಲ್ಲವೇ?

ಮೂರನೆಯದು, ಲೆನ್ಸಿನ ಬೆಲೆ. 1980ರ ದಶಕದಲ್ಲಿ ಕಣ್ಣಿನೊಳಗೆ ಇಡುವ ಲೆನ್ಸು ವಿದೇಶದಿಂದ ಬರಬೇಕಿತ್ತು. ಒಂದರ ಬೆಲೆ ನೂರು ಡಾಲರಿನ ಆಸುಪಾಸು. ಹಾಗಾಗಿ ಹಣವಿದ್ದವರಿಗೆ ಲೆನ್ಸು, ಬಡವರಿಗೆ ಸೋಡಾ ಗ್ಲಾಸು ಎಂಬ ಭೇದ ಉಳಿದಿತ್ತು. 1992ರಲ್ಲಿ ಅರವಿಂದ ಸಂಸ್ಥೆ 'ಆರೋಲ್ಯಾಬ್' ಎಂಬ ತನ್ನದೇ ಕಾರ್ಖಾನೆ ಆರಂಭಿಸಿ ಲೆನ್ಸು ತಯಾರಿಸತೊಡಗಿತು. ಬೆಲೆ ಹತ್ತು ಡಾಲರಿಗೆ, ಮುಂದೆ ಅದಕ್ಕೂ ಕೆಳಕ್ಕೆ ಇಳಿಯಿತು. ಇಂದು ಆ ಲೆನ್ಸುಗಳು ನೂರಕ್ಕೂ ಹೆಚ್ಚು ದೇಶಗಳಿಗೆ ಹೋಗುತ್ತವೆ.

ನೇಪಾಳದ ಪಾಠ

ಇದೇ ಹೊತ್ತಿಗೆ ಹಿಮಾಲಯದಲ್ಲೂ ಒಂದು ಪ್ರಯತ್ನ ನಡೆದಿತ್ತು. ರಸ್ತೆಯೇ ಇಲ್ಲದ ಗಡಿಭಾಗದ ಹಳ್ಳಿಯಲ್ಲಿ ಹುಟ್ಟಿ, ಲಕ್ನೋ ಮತ್ತು ದೆಹಲಿಯಲ್ಲಿ ವೈದ್ಯಕೀಯ ಓದಿದ ಡಾ. ಸಂದುಕ್ ರುಯಿತ್ 1994ರಲ್ಲಿ ಕಠ್ಮಂಡುವಿನಲ್ಲಿ ತಿಲಗಂಗಾ ಕಣ್ಣಿನ ಕೇಂದ್ರವನ್ನು ಕಟ್ಟಿದರು. ಅಲ್ಲಿಯೂ ಲೆನ್ಸಿನ ಕಾರ್ಖಾನೆ ಆರಂಭವಾಯಿತು.

ಶ್ರೀಮಂತ ದೇಶಗಳಲ್ಲಿ ಪೊರೆಯನ್ನು ಶ್ರವಣಾತೀತ ತರಂಗದಿಂದ ಪುಡಿಮಾಡಿ ಹೀರುವ 'ಫೇಕೊ' ಯಂತ್ರ ಬಳಕೆಯಲ್ಲಿದೆ. ಯಂತ್ರ ದುಬಾರಿ, ಅದಕ್ಕೆ ವಿದ್ಯುತ್ತೂ ಬೇಕು, ರಿಪೇರಿಯವರೂ ಬೇಕು. ರುಯಿತ್ ಅವರು ಯಂತ್ರವಿಲ್ಲದೆ ಕೈಯಿಂದಲೇ ಮಾಡುವ ಸಣ್ಣ ಗಾಯದ ವಿಧಾನವನ್ನು ಪರಿಷ್ಕರಿಸಿದರು. ಕಣ್ಣಿನ ಬಿಳಿಭಾಗದಲ್ಲಿ ಸುಮಾರು 6-7 ಮಿಲಿಮೀಟರಿನ ಸುರಂಗದಂತಹ ಸೀಳು ಮಾಡಿ, ಅದರ ಮೂಲಕ ಮಂಜಾದ ಮಸೂರದ ತಿರುಳನ್ನು ತೆಗೆದು, ಉಳಿದ ಚೀಲದೊಳಗೆ ಹೊಸ ಲೆನ್ಸು ಇಡುತ್ತಾರೆ. ಸೀಳು ತಾನೇ ಮುಚ್ಚಿಕೊಳ್ಳುವುದರಿಂದ ಹೊಲಿಗೆ ಬೇಕಿಲ್ಲ. 2007ರಲ್ಲಿ ಪ್ರಕಟವಾದ, ನೇಪಾಳದ 108 ರೋಗಿಗಳ ಮೇಲಿನ ಅಧ್ಯಯನದಲ್ಲಿ ಎರಡೂ ವಿಧಾನಗಳು ಸರಿಸಮನಾಗಿ ಒಳ್ಳೆಯ ದೃಷ್ಟಿ ಕೊಟ್ಟವು. ಕೈಯಿಂದ ಮಾಡಿದ್ದಕ್ಕೆ ಸರಾಸರಿ 9 ನಿಮಿಷ ಸಾಕಾದರೆ ಯಂತ್ರದ್ದಕ್ಕೆ 15 ನಿಮಿಷಕ್ಕೂ ಹೆಚ್ಚು ಬೇಕಾಯಿತು.

ಅಗ್ಗವೆಂದರೆ ಕಳಪೆಯೇ?

ಈ ಪ್ರಶ್ನೆ ಸಹಜ. ಶಿಬಿರಗಳಲ್ಲಿ ಸೋಂಕು ತಗುಲಿ ಇದ್ದ ಕಣ್ಣನ್ನೂ ಕಳೆದುಕೊಂಡ ದುರಂತಗಳು ನಮ್ಮ ದೇಶದಲ್ಲಿ ನಡೆದಿವೆ. ಆದ್ದರಿಂದಲೇ ಈಗ ಶಾಲೆ, ಟೆಂಟುಗಳಲ್ಲಿ ಶಸ್ತ್ರಚಿಕಿತ್ಸೆ ಮಾಡುವಂತಿಲ್ಲ. ಶಿಬಿರದಲ್ಲಿ ತಪಾಸಣೆ ಮಾತ್ರ, ಶಸ್ತ್ರಚಿಕಿತ್ಸೆ ಆಸ್ಪತ್ರೆಯಲ್ಲೇ ಆಗಬೇಕು.

ಹೆಚ್ಚು ಸಂಖ್ಯೆಯಲ್ಲಿ ಮಾಡುವುದೇ ತಪ್ಪಲ್ಲ, ಲೆಕ್ಕವಿಡದೆ ಮಾಡುವುದು ತಪ್ಪು. ಅರವಿಂದ ಸಂಸ್ಥೆ 6 ಲಕ್ಷಕ್ಕೂ ಹೆಚ್ಚು ಶಸ್ತ್ರಚಿಕಿತ್ಸೆಗಳ ದಾಖಲೆಯನ್ನು ಪರಿಶೀಲಿಸಿ 2017ರಲ್ಲಿ ಒಂದು ಅಧ್ಯಯನ ಪ್ರಕಟಿಸಿತು. ಶಸ್ತ್ರಚಿಕಿತ್ಸೆಯ ಕೊನೆಯಲ್ಲಿ ಕಣ್ಣಿನೊಳಗೆ ಒಂದು ಪ್ರತಿಜೀವಕವನ್ನು ಹಾಕುವುದರಿಂದ ಗಂಭೀರ ಸೋಂಕು ಶೇ. 0.07ರಿಂದ ಶೇ. 0.02ಕ್ಕೆ ಇಳಿದಿತ್ತು. ಅಂದರೆ ಹತ್ತು ಸಾವಿರ ಕಣ್ಣುಗಳಲ್ಲಿ 7 ಇದ್ದದ್ದು 2 ಆಯಿತು. ಇಷ್ಟು ಸಣ್ಣ ವ್ಯತ್ಯಾಸವನ್ನು ಹಿಡಿಯಲು ಲಕ್ಷಗಟ್ಟಲೆ ರೋಗಿಗಳ ಶಿಸ್ತಿನ ದಾಖಲೆ ಬೇಕು. ಬಡವರ ಚಿಕಿತ್ಸೆಯ ಆ ದಾಖಲೆಗಳು ಈಗ ಎಲ್ಲ ದೇಶಗಳ ವೈದ್ಯರಿಗೂ ಉಪಯುಕ್ತವಾಗಿವೆ.

ಉಚಿತವಾದರೂ ಬರಲಿಲ್ಲವೇಕೆ?

ಈಗ ನಾಲ್ಕನೆಯ ಅಡ್ಡಿಗೆ ಬರೋಣ. ಎಲ್ಲಕ್ಕಿಂತ ಕಠಿಣವಾದದ್ದು ಇದೇ. ಶಸ್ತ್ರಚಿಕಿತ್ಸೆ ಉಚಿತ ಎಂದು ಸಾರಿದ ಮೇಲೂ ಜನ ಬರಲಿಲ್ಲ. ದಕ್ಷಿಣ ಭಾರತದ ಹಳ್ಳಿಗಳಲ್ಲಿ ನಡೆದು 1999ರಲ್ಲಿ ಪ್ರಕಟವಾದ ಒಂದು ಅಧ್ಯಯನದ ಪ್ರಕಾರ, ಕಣ್ಣಿನ ತೊಂದರೆ ಇದ್ದವರಲ್ಲಿ ಶೇ. 7ರಷ್ಟು ಜನರೂ ಶಿಬಿರಕ್ಕೆ ಹೋಗಿರಲಿಲ್ಲ.

ಕಾರಣಗಳು ನಮಗೆಲ್ಲ ಗೊತ್ತಿರುವಂಥವೇ. ಬಸ್ಸಿನ ಚಾರ್ಜು. ಎರಡು ದಿನದ ಊಟ. ಜೊತೆಗೆ ಹೋಗುವ ಮಗನ ಕೂಲಿ ನಷ್ಟ. 'ಕಣ್ಣು ಹೋದರೆ?' ಎಂಬ ಭಯ. 'ವಯಸ್ಸಾಯಿತು, ಇನ್ನು ನೋಡಿ ಏನಾಗಬೇಕು' ಎಂಬ ಮಾತು. ಅರವಿಂದ ಇದಕ್ಕೆ ಉತ್ತರವಾಗಿ ರೋಗಿಗಳನ್ನು ಬಸ್ಸಿನಲ್ಲಿ ಕರೆತಂದು, ಊಟ ಕೊಟ್ಟು, ಮತ್ತೆ ಊರಿಗೆ ಬಿಟ್ಟುಬರುವ ಏರ್ಪಾಡು ಮಾಡಿತು. ಒಂದೇ ಊರಿನವರು ಒಟ್ಟಿಗೆ ಹೋದಾಗ ಭಯವೂ ಕಡಿಮೆಯಾಯಿತು. ಆ ಮೇಲೆ ಸಣ್ಣ ಊರುಗಳಲ್ಲೇ ದೃಷ್ಟಿ ಕೇಂದ್ರಗಳನ್ನು ತೆರೆಯಿತು. ಅಲ್ಲಿ ತರಬೇತಿ ಪಡೆದ ಸಿಬ್ಬಂದಿ ಕಣ್ಣು ಪರೀಕ್ಷಿಸುತ್ತಾರೆ, ದೂರದ ಆಸ್ಪತ್ರೆಯ ವೈದ್ಯರು ವಿಡಿಯೋ ಮೂಲಕ ಸಲಹೆ ಕೊಡುತ್ತಾರೆ.

ಈ ಅಡ್ಡಿ ಹೆಂಗಸರಿಗೆ ಇನ್ನೂ ಎತ್ತರ. ಪೊರೆಯಿಂದ ದೃಷ್ಟಿ ಕಳೆದುಕೊಂಡವರಲ್ಲಿ ಅವರೇ ಹೆಚ್ಚು, ಶಸ್ತ್ರಚಿಕಿತ್ಸೆಗೆ ತಲುಪುವವರಲ್ಲಿ ಅವರೇ ಹಿಂದೆ. ಮನೆಯ ಗಂಡಸಿಗೆ ಮಂಜಾದರೆ ದುಡಿಮೆ ನಿಲ್ಲುತ್ತದೆ, ಎಲ್ಲರಿಗೂ ತಿಳಿಯುತ್ತದೆ. ದಾದಿಗೋ ನಾನಿಗೋ ಮಂಜಾದರೆ ಅವರು ಒಲೆಯ ಮುಂದೆ ತಡಕಾಡುತ್ತಾ ಹೇಗೋ ನಿಭಾಯಿಸುತ್ತಾರೆ, ಯಾರಿಗೂ ಹೇಳುವುದಿಲ್ಲ.

ನಾವೇನು ಮಾಡಬಹುದು?

ಮೊದಲ ಮೂರು ಅಡ್ಡಿಗಳನ್ನು ವೈದ್ಯರು, ಎಂಜಿನಿಯರರು, ಆಡಳಿತಗಾರರು ದಾಟಿಸಿದರು. ನಾಲ್ಕನೆಯದನ್ನು ದಾಟಿಸಲು ಮನೆಯವರೇ ಬೇಕು, ಮೊಹಲ್ಲಾದವರೇ ಬೇಕು. ಅಲ್ಲಿ ಪಿಯುಸಿ ವಿದ್ಯಾರ್ಥಿಗೂ ಕೆಲಸವಿದೆ.

ಮನೆಯ ಹಿರಿಯರನ್ನು ಗಮನಿಸಿ. ಸೂಜಿಗೆ ದಾರ ಪೋಣಿಸಲು ಕರೆಯುತ್ತಾರೆಯೇ? ಇದು ಕನ್ನಡಕದಿಂದ ಸರಿಹೋಗುವ ದೋಷವೂ ಆಗಿರಬಹುದು. ಎದುರಿನ ವಾಹನದ ದೀಪಕ್ಕೆ ಕಣ್ಣು ಕುಕ್ಕುತ್ತದೆ, ಬಣ್ಣಗಳು ಮಾಸಿದಂತೆ ಕಾಣುತ್ತವೆ, ಕುರ್‌ಆನ್ ಓದುವಾಗ ಅಕ್ಷರ ಮಸುಕು ಎನ್ನುತ್ತಾರೆಯೇ? ಒಂದೊಂದೇ ಕಣ್ಣು ಮುಚ್ಚಿ ನೋಡಲು ಹೇಳಿ. ವ್ಯತ್ಯಾಸವಿದ್ದರೆ ಕಣ್ಣಿನ ವೈದ್ಯರಿಗೆ ತೋರಿಸಿ. ಸಕ್ಕರೆ ಕಾಯಿಲೆ ಇದ್ದವರು ತೊಂದರೆ ಕಾಣದಿದ್ದರೂ ವರ್ಷಕ್ಕೊಮ್ಮೆ ತೋರಿಸಲೇಬೇಕು. 'ಪೊರೆ ಮಾಗಲಿ' ಎಂದು ಕಾಯುವುದು ಹಳೆಯ ಕಾಲದ ಮಾತು. ಈಗ ದಿನದ ಕೆಲಸಕ್ಕೆ ತೊಡಕಾದಾಗಲೇ ತೆಗೆಸಬಹುದು. ಬಹಳ ಮಾಗಿ ಗಟ್ಟಿಯಾದರೆ ಶಸ್ತ್ರಚಿಕಿತ್ಸೆಯೇ ಕಷ್ಟ.

'ನಮಾಝ್ ತಪ್ಪುತ್ತದೆ' ಎಂದು ಹಿಂಜರಿಯುವ ಹಿರಿಯರೂ ಇದ್ದಾರೆ. ಶಸ್ತ್ರಚಿಕಿತ್ಸೆಯ ನಂತರ ಕೆಲವು ದಿನ ಕಣ್ಣಿಗೆ ನೀರು ತಾಗಿಸಬಾರದು, ತಲೆ ಬಗ್ಗಿಸಬಾರದು ಎಂದು ವೈದ್ಯರು ಹೇಳುವುದುಂಟು. ಆದರೆ ರೋಗಿಗೆ ಕುಳಿತು, ಸನ್ನೆಯಿಂದ ನಮಾಝ್ ನಿರ್ವಹಿಸುವ ರಿಯಾಯಿತಿ ನಮ್ಮ ದೀನ್‌ನಲ್ಲಿ ಇದೆ. ವುಝೂ ಬಗ್ಗೆ ಮಸೀದಿಯ ಇಮಾಮರನ್ನು ಮೊದಲೇ ಕೇಳಿಕೊಂಡರೆ ಹಿರಿಯರ ಮನಸ್ಸು ಹಗುರವಾಗುತ್ತದೆ.

ಜಿಲ್ಲಾ ಆಸ್ಪತ್ರೆಗಳಲ್ಲಿ ಪೊರೆ ಶಸ್ತ್ರಚಿಕಿತ್ಸೆ ಉಚಿತವಾಗಿ ದೊರೆಯುತ್ತದೆ. ನಿಮ್ಮ ಊರಿನ ಆಶಾ ಕಾರ್ಯಕರ್ತೆಯನ್ನು ಕೇಳಿದರೆ ಶಿಬಿರದ ದಿನ ತಿಳಿಯುತ್ತದೆ. ಶುಕ್ರವಾರದ ಜುಮಾ ನಂತರ ಆ ಸುದ್ದಿಯನ್ನು ಮಸೀದಿಯಲ್ಲಿ ತಿಳಿಸಲು ಕೋರಬಹುದು. ಜೊತೆಗೆ ಬರುವವರಿಲ್ಲದ ನೆರೆಮನೆಯ ಅಜ್ಜಿಯೊಡನೆ ಒಂದು ದಿನ ಹೋಗಿಬರುವುದೂ ಸದಕಾವೇ. ಅದಕ್ಕೆ ಹಣ ಬೇಕಿಲ್ಲ.

ಯೋಚಿಸಿ, ಚರ್ಚಿಸಿ

1. ತೆಗೆದ ಮಸೂರದ ಜಾಗದಲ್ಲೇ ಲೆನ್ಸು ಇಡುವುದಕ್ಕೂ, ಹೊರಗೆ ದಪ್ಪ ಕನ್ನಡಕ ಹಾಕುವುದಕ್ಕೂ ಕಾಣುವ ಬಿಂಬದಲ್ಲಿ ಏನು ವ್ಯತ್ಯಾಸ? (ವಿಜ್ಞಾನ ವಿಭಾಗ)

2. ಶಸ್ತ್ರಚಿಕಿತ್ಸೆಗಳ ಸಂಖ್ಯೆ ಹೆಚ್ಚಿದಂತೆ ತಲಾ ವೆಚ್ಚ ಇಳಿಯುವುದನ್ನು ಒಂದು ಕಾಲ್ಪನಿಕ ಲೆಕ್ಕದಿಂದ ತೋರಿಸಿ. ಯಾವ ಖರ್ಚು ಮಾತ್ರ ಇಳಿಯುವುದಿಲ್ಲ? (ವಾಣಿಜ್ಯ ವಿಭಾಗ)

3. ಉಚಿತ ಸೇವೆ ಇದ್ದರೂ ಹೆಂಗಸರು ಹಿಂದೆ ಉಳಿಯಲು ನಿಮ್ಮ ಮೊಹಲ್ಲಾದಲ್ಲಿ ಯಾವ ಕಾರಣಗಳಿವೆ? (ಕಲಾ ವಿಭಾಗ)

4. ಈ ವಾರ ನಿಮ್ಮ ಮನೆಯ ಮತ್ತು ಅಕ್ಕಪಕ್ಕದ ಮನೆಗಳ 50 ವರ್ಷ ದಾಟಿದವರಲ್ಲಿ ಕಳೆದ ಒಂದು ವರ್ಷದಲ್ಲಿ ಕಣ್ಣು ಪರೀಕ್ಷೆ ಮಾಡಿಸಿಕೊಂಡವರು ಎಷ್ಟು ಮಂದಿ ಎಂದು ಕೇಳಿ ಬರೆದುಕೊಳ್ಳಿ. ಮಾಡಿಸಿಕೊಳ್ಳದವರ ಕಾರಣವನ್ನೂ ಬರೆದುಕೊಳ್ಳಿ. (ಎಲ್ಲರಿಗೂ)